ನೆಟ್ ಹತ್ತಿರ ನಿಂತವರ ಕೆಲಸವೇನು? ಮಿಸಾಕಿ ಮಾತ್ಸುತೊಮೊ ಆಟವನ್ನು ಓದುವ ಬಗೆ

ಭಾನುವಾರ ಬೆಳಿಗ್ಗೆ ಯಾವುದಾದರೂ ಬಡಾವಣೆಯ ಷಟಲ್ ಕೋರ್ಟಿಗೆ ಹೋಗಿ ನಿಂತರೆ ಒಂದು ದೃಶ್ಯ ಖಾತ್ರಿ. ಡಬಲ್ಸ್ ಶುರುವಾಗುವ ಮೊದಲೇ ಜಾಗ ಹಂಚಿಕೆ ಮುಗಿದಿರುತ್ತದೆ. ಜೋರಾಗಿ ಹೊಡೆಯುವವರು ಹಿಂದೆ, ಅಷ್ಟಾಗಿ ಆಡಲು ಬಾರದವರು ಮುಂದೆ. "ನೀನು ನೆಟ್ ಹತ್ರ ನಿಂತ್ಕೊ ಸಾಕು, ಹಿಂದೆ ಬಂದಿದ್ದೆಲ್ಲ ನಂದು" ಅಂತ ಒಂದು ಅಪ್ಪಣೆ ಬೇರೆ. ಮುಂದಿನವರು ಅರ್ಧ ಗಂಟೆ ತಲೆ ತಗ್ಗಿಸಿಕೊಂಡು, ಜತೆಗಾರರ ಸ್ಮ್ಯಾಷ್ ತಮ್ಮ ಬೆನ್ನಿಗೆ ಬೀಳದಂತೆ ನೋಡಿಕೊಂಡರೆ ಅಂದಿನ ಆಟ ಮುಗಿಯಿತು.

ಜಪಾನಿನ ಮಿಸಾಕಿ ಮಾತ್ಸುತೊಮೊ ಇದೇ ಜಾಗದಲ್ಲಿ ನಿಂತು ಒಲಿಂಪಿಕ್ ಚಿನ್ನ ಗೆದ್ದವರು. ಅವರ ಎತ್ತರ 159 ಸೆಂಟಿಮೀಟರ್. ಬ್ಯಾಡ್ಮಿಂಟನ್ ನೆಟ್ಟಿನ ನಡುಭಾಗ ನೆಲದಿಂದ 152.4 ಸೆಂಟಿಮೀಟರ್ ಎತ್ತರದಲ್ಲಿರುತ್ತದೆ. ಅಂದರೆ ಅವರ ಕಣ್ಣಿನ ಮಟ್ಟಕ್ಕೂ ನೆಟ್ಟಿನ ಮೇಲಂಚಿಗೂ ಹೆಚ್ಚು ಕಡಿಮೆ ಒಂದೇ ಲೆಕ್ಕ. ಇಷ್ಟು ಪುಟ್ಟ ಆಟಗಾರ್ತಿ, ಕೋರ್ಟಿನಲ್ಲಿ ಅತಿ ಕಡಿಮೆ ಸದ್ದು ಮಾಡುವ ಹೊಡೆತಗಳನ್ನು ಹೊಡೆಯುತ್ತ ವಿಶ್ವದ ನಂಬರ್ ಒನ್ ಜೋಡಿಯ ಅರ್ಧಭಾಗವಾದದ್ದು ಹೇಗೆ? ಅದು ಗೊತ್ತಾಗಬೇಕಾದರೆ ಮೊದಲು ಮಹಿಳಾ ಡಬಲ್ಸ್ ಅನ್ನುವ ಆಟದ ಒಳಗುಟ್ಟು ತಿಳಿಯಬೇಕು. ಟಿವಿಯಲ್ಲಿ ನೋಡುವಾಗ ನಮ್ಮ ಕಣ್ಣು ಷಟಲ್ ಹಿಂದೆಯೇ ಓಡುತ್ತದೆ, ಹಾಗಾಗಿ ಈ ಗುಟ್ಟು ಸುಲಭಕ್ಕೆ ಕಾಣುವುದಿಲ್ಲ.

ಸರ್ವಿಸ್‌ನಿಂದಲೇ ಹೊರಡೋಣ. ಕೋರ್ಟಿನ ಪೂರ್ತಿ ಉದ್ದ 13.4 ಮೀಟರ್, ಡಬಲ್ಸ್‌ಗೆ ಅಗಲ 6.1 ಮೀಟರ್. ಸಿಂಗಲ್ಸ್‌ನಲ್ಲಿ ಸರ್ವ್ ಮಾಡುವವರು ಷಟಲನ್ನು ಎತ್ತಿ ಹಿಂದಿನ ಗೆರೆಯವರೆಗೂ ಕಳಿಸಿ ಎದುರಾಳಿಯನ್ನು ಹಿಂದಕ್ಕೆ ತಳ್ಳಬಹುದು. ಡಬಲ್ಸ್‌ನಲ್ಲಿ ಆ ಅನುಕೂಲ ಇಲ್ಲ. ಸರ್ವಿಸ್‌ನ ಮಟ್ಟಿಗೆ ಹಿಂದಿನ ಗೆರೆ 76 ಸೆಂಟಿಮೀಟರ್ ಒಳಕ್ಕೆ ಬಂದುಬಿಡುತ್ತದೆ. ಮುಂದೆ ನೆಟ್ಟಿನಿಂದ 1.98 ಮೀಟರ್ ದಾಟಲೇಬೇಕು. ಉಳಿಯುವುದು ನಾಲ್ಕು ಮೀಟರ್‌ಗೂ ಚೂರು ಕಡಿಮೆ ಉದ್ದದ ಚೌಕ. ಎತ್ತಿ ಹಾಕಿದರೆ ಎದುರಿನವರು ಒಂದೆರಡು ಹೆಜ್ಜೆ ಹಿಂದೆ ಸರಿದು ಸ್ಮ್ಯಾಷ್ ಬಾರಿಸುತ್ತಾರೆ. ಅದಕ್ಕೇ ಡಬಲ್ಸ್‌ನಲ್ಲಿ ಸರ್ವ್ ಎಂದರೆ ನೆಟ್ ಸವರಿಕೊಂಡು ಹೋಗುವ ತಗ್ಗಿನ ಸರ್ವ್. ಅದನ್ನು ಎದುರಾಳಿ ಮೇಲಿಂದ ಒತ್ತಲೂಬಹುದು, ನೆಟ್ ಹತ್ತಿರವೇ ಮೆಲ್ಲಗೆ ಬೀಳಿಸಲೂಬಹುದು. ಹೀಗೆ ಮೊದಲ ಮೂರ್ನಾಲ್ಕು ಹೊಡೆತಗಳಲ್ಲಿ ನಡೆಯುವುದು ಒಂದೇ ಜಗಳ: ಷಟಲನ್ನು ಮೊದಲು ಮೇಲೆತ್ತಬೇಕಾದ ಪಾಡು ಯಾರದ್ದು?

ಎತ್ತಿದವರು ರಕ್ಷಣೆಗೆ ಇಳಿದಂತೆ. ಆಗ ಅವರಿಬ್ಬರೂ ಅಕ್ಕಪಕ್ಕ ನಿಂತು ತಮ್ಮ ತಮ್ಮ ಅರ್ಧ ಕಾಯುತ್ತಾರೆ. ದಾಳಿ ಮಾಡುವ ಜೋಡಿ ಹಿಂದೆ ಮುಂದೆ ಆಗುತ್ತದೆ, ಒಬ್ಬರು ಹಿಂದಿನಿಂದ ಹೊಡೆಯಲು, ಇನ್ನೊಬ್ಬರು ನೆಟ್ ಹತ್ತಿರ. ಪುರುಷರ ಡಬಲ್ಸ್‌ನಲ್ಲಿ ಒಂದೆರಡು ಸ್ಮ್ಯಾಷ್‌ಗೆ ಪಾಯಿಂಟ್ ಮುಗಿಯುವುದು ಮಾಮೂಲು. ಮಹಿಳೆಯರ ಡಬಲ್ಸ್‌ನಲ್ಲಿ ಹಾಗಲ್ಲ. ಷಟಲ್ ಗರಿಯದ್ದು, ಗಾಳಿಗೆ ಸಿಕ್ಕಿ ಬೇಗ ವೇಗ ಕಳೆದುಕೊಳ್ಳುತ್ತದೆ. ಮೇಲ್ಮಟ್ಟದ ಆಟಗಾರ್ತಿಯರು ಹತ್ತು ಸ್ಮ್ಯಾಷ್ ಬಂದರೂ ಹತ್ತನ್ನೂ ಎತ್ತಿ ವಾಪಸ್ ಕಳಿಸುತ್ತಾರೆ. 2016ರ ಏಷ್ಯನ್ ಚಾಂಪಿಯನ್‌ಷಿಪ್‌ನಲ್ಲಿ, ಚೀನಾದ ವುಹಾನ್‌ನಲ್ಲಿ, ಜಪಾನಿನ ನಾವೊಕೊ ಫುಕುಮಾನ್–ಕುರುಮಿ ಯೊನಾವೊ ಜೋಡಿಗೂ ಇಂಡೋನೇಷ್ಯಾದ ಗ್ರೇಸಿಯಾ ಪೋಲಿ–ನಿತ್ಯಾ ಮಹೇಶ್ವರಿ ಜೋಡಿಗೂ ನಡೆದ ಸೆಮಿಫೈನಲ್ 161 ನಿಮಿಷ ಎಳೆಯಿತು. ಮೂರೇ ಗೇಮ್‌ಗೆ ಎರಡೂ ಮುಕ್ಕಾಲು ಗಂಟೆ ಹತ್ತಿರ! ಕೊನೆಗೆ ಗೆದ್ದ ಜಪಾನಿ ಜೋಡಿ ಫೈನಲ್‌ಗೆ ಬಂದಾಗ ಎದುರಿಗೆ ನಿಂತಿದ್ದವರು ಮಾತ್ಸುತೊಮೊ ಮತ್ತು ಅವರ ಜತೆಗಾರ್ತಿ ಅಯಾಕಾ ತಕಾಹಾಶಿ. ಪ್ರಶಸ್ತಿ ಇವರ ಪಾಲಾಯಿತು.

ಸ್ಮ್ಯಾಷ್‌ನಿಂದ ಪಾಯಿಂಟ್ ಬರುವುದಿಲ್ಲ ಎಂದ ಮೇಲೆ ಎಲ್ಲಿಂದ ಬರಬೇಕು? ಇಲ್ಲಿ ಮುಂದಿನವರ ಕೆಲಸ ಶುರು. ಹಿಂದಿನಿಂದ ಬೀಳುವ ಸ್ಮ್ಯಾಷ್ ಎದುರಾಳಿಗೆ ಹಾಕಿದ ಒಂದು ಪ್ರಶ್ನೆ ಅಷ್ಟೇ. ಆ ಪ್ರಶ್ನೆಗೆ ಬರುವ ಉತ್ತರ ಯಾವ ಕಡೆಯಿಂದ, ಎಷ್ಟು ಎತ್ತರದಲ್ಲಿ ಬರುತ್ತದೆ ಎಂದು ಮೊದಲೇ ಅಂದಾಜು ಮಾಡಿ ದಾರಿಯಲ್ಲೇ ಹಿಡಿಯುವುದು ನೆಟ್ ಹತ್ತಿರದವರ ಜವಾಬ್ದಾರಿ. ಷಟಲ್ ನೆಟ್ಟಿನ ಮೇಲಂಚಿಗಿಂತ ಗೇಣು ಮೇಲೆ ಸಿಕ್ಕರೆ ತಟ್ಟಿ ಕೆಳಗೆ ಹಾಕಬಹುದು. ಗೇಣು ಕೆಳಗೆ ಸಿಕ್ಕರೆ ನಾವೇ ಎತ್ತಬೇಕು, ದಾಳಿ ಕೈಬಿಟ್ಟು ಹೋಯಿತು. ಅರ್ಧ ಹೆಜ್ಜೆ ತಡವಾದರೂ ಆ ಗೇಣು ಹೋಯಿತೆಂದೇ ಲೆಕ್ಕ. ಬಾಲ್ ಬ್ಯಾಡ್ಮಿಂಟನ್ ಆಡಿ ಬೆಳೆದ ನಮ್ಮ ಹಳಬರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಐದು ಜನರ ಆ ಆಟದಲ್ಲಿ ಮುಂದೆ ನಿಲ್ಲುವವರ ಕೈಯೇ ಬೇರೆ, ಹಿಂದಿನವರ ಕೈಯೇ ಬೇರೆ.

ಮಾತ್ಸುತೊಮೊ ಅವರ ಕೈಯ ವಿಶೇಷ, ಕೊನೇ ಕ್ಷಣದವರೆಗೂ ಏನು ಮಾಡುತ್ತಾರೆಂದು ಬಿಟ್ಟುಕೊಡದಿರುವುದು. ರ‍್ಯಾಕೆಟ್ ಎತ್ತಿ ಹಿಡಿದು ಷಟಲ್ ಬಳಿಗೆ ಬೇಗ ಹೋಗುತ್ತಾರೆ, ಆದರೆ ತಕ್ಷಣ ಹೊಡೆಯುವುದಿಲ್ಲ. ಒಂದು ಗಳಿಗೆ ತಡೆಯುತ್ತಾರೆ. ಆ ಗಳಿಗೆಯಲ್ಲಿ ಎದುರಿನ ಇಬ್ಬರಲ್ಲಿ ಒಬ್ಬರು ಊಹೆ ಮಾಡಿ ಒಂದು ಕಡೆ ವಾಲಿಬಿಡುತ್ತಾರೆ. ಆಗ ಷಟಲ್ ಇನ್ನೊಂದು ಕಡೆ ಹೋಗುತ್ತದೆ, ಅದೂ ಜೋರಾಗಿ ಅಲ್ಲ. ಅವರಿಗೆ ಇಷ್ಟವಾದ ಇನ್ನೊಂದು ಜಾಗ ಅಕ್ಕಪಕ್ಕ ನಿಂತ ಇಬ್ಬರು ಎದುರಾಳಿಗಳ ನಡುವಿನ ಸಂದು. ಅಲ್ಲಿ ಮೆತ್ತಗೆ ತಳ್ಳಿದರೆ ಇಬ್ಬರೂ ಕೈ ಚಾಚುತ್ತಾರೆ, ಇಲ್ಲವೇ ಇಬ್ಬರೂ ಸುಮ್ಮನಾಗುತ್ತಾರೆ. ಬಡಾವಣೆಯ ಕೋರ್ಟಿನಲ್ಲಿ "ನಿಂದು ಅನ್ಕೊಂಡೆ" ಎನ್ನುವ ಮಾತು ಹುಟ್ಟುವ ಜಾಗವೇ ಅದು. ವಿಶ್ವಮಟ್ಟದಲ್ಲೂ ಆ ಸಂದು ಹಾಗೇ ಇದೆ, ಹುಡುಕುವುದು ಕಷ್ಟ ಅಷ್ಟೇ.

ಇನ್ನೊಂದು ತೊಡಕಿದೆ. ಮಹಿಳಾ ಡಬಲ್ಸ್‌ನಲ್ಲಿ ಮುಂದಿನವರು ಮುಂದೆಯೇ ಉಳಿಯಲು ಎದುರಾಳಿ ಬಿಡುವುದಿಲ್ಲ. ಎತ್ತುವಾಗ ಒಮ್ಮೆ ಎಡಮೂಲೆಗೆ, ಒಮ್ಮೆ ಬಲಮೂಲೆಗೆ ಎತ್ತಿ ಹಿಂದಿನವರನ್ನು ಓಡಿಸಿ ದಣಿಸುತ್ತಾರೆ. ಆಗ ಮುಂದಿನವರು ಹಿಂದಕ್ಕೆ ಓಡಿ ಜಾಗ ತುಂಬಬೇಕು, ಹಿಂದಿನವರು ಮುಂದೆ ಬರಬೇಕು. ಬಾಯಲ್ಲಿ ಹೇಳಿ ಮಾಡುವಷ್ಟು ಹೊತ್ತು ಇರುವುದಿಲ್ಲ. ಇದು ವರ್ಷಗಟ್ಟಲೆ ಒಟ್ಟಿಗೆ ಆಡಿದವರಿಗೆ ಮಾತ್ರ ಬರುವ ಸಂಗತಿ. ಹಾಗಾಗಿ ಡಬಲ್ಸ್ ಆಟಗಾರ್ತಿಯೊಬ್ಬರ ಜೀವನವನ್ನು ಅವರೊಬ್ಬರದ್ದಾಗಿ ಬರೆಯಲು ಬರುವುದೇ ಇಲ್ಲ.

ಮಿಸಾಕಿ ಹುಟ್ಟಿದ್ದು 1992ರ ಫೆಬ್ರುವರಿಯಲ್ಲಿ, ಶಿಕೊಕು ದ್ವೀಪದ ತೊಕುಶಿಮಾ ಪ್ರಾಂತ್ಯದಲ್ಲಿ. ಅಯಾಕಾ 1990ರ ಏಪ್ರಿಲ್‌ನಲ್ಲಿ, ನಾರಾ ಪ್ರಾಂತ್ಯದಲ್ಲಿ. ಇಬ್ಬರೂ ಊರು ಬಿಟ್ಟು ದೂರದ ಸೆಂಡೈ ನಗರದ ಸೇಂಟ್ ಉರ್ಸುಲಾ ಶಾಲೆ ಸೇರಿದರು, ಬ್ಯಾಡ್ಮಿಂಟನ್‌ಗಾಗಿ. 2007ರಲ್ಲಿ ಜೋಡಿ ಕೂಡಿತು. ಅಯಾಕಾ ಒಂದು ತರಗತಿ ಮುಂದೆ. ಜಪಾನಿನ ಶಾಲೆಗಳಲ್ಲಿ ಒಂದೇ ತರಗತಿಯ ಅಂತರವಿದ್ದರೂ ಹಿರಿಯರು 'ಸೆಂಪಾಯ್', ಕಿರಿಯರು 'ಕೋಹಾಯ್'. ಮಾತಿನ ಧಾಟಿಯೇ ಬೇರೆಯಾಗುತ್ತದೆ. ಆದರೆ ಈ ಜೋಡಿಯ ಸ್ವಾರಸ್ಯ ನೋಡಿ: ಹಿಂದಿನಿಂದ ಬಲವಾಗಿ ಹೊಡೆಯುವವರು ಹಿರಿಯರು, ಎಲ್ಲಿಗೆ ಹೊಡೆದರೆ ಏನಾಗುತ್ತದೆಂದು ಮುಂದೆ ನಿಂತು ಆಟ ಕಟ್ಟುವವರು ಕಿರಿಯರು.

ಶಾಲೆ ಮುಗಿದ ಮೇಲೆ ಅಯಾಕಾ 2009ರಲ್ಲಿ, ಮಿಸಾಕಿ 2010ರಲ್ಲಿ ಸೇರಿದ್ದು ನಿಹೋನ್ ಯೂನಿಸಿಸ್ ಎಂಬ ಕಂಪ್ಯೂಟರ್ ಸೇವಾ ಕಂಪನಿಗೆ. ಇದು ನಮಗೆ ಅಷ್ಟೇನೂ ಹೊಸದಲ್ಲ. ನಮ್ಮಲ್ಲಿ ರೈಲ್ವೆ, ಬ್ಯಾಂಕು, ತೈಲ ಕಂಪನಿಗಳು ಆಟಗಾರರಿಗೆ ನೌಕರಿ ಕೊಟ್ಟ ಹಾಗೆಯೇ ಜಪಾನಿನಲ್ಲಿ ಖಾಸಗಿ ಕಂಪನಿಗಳು ಸ್ವಂತ ತಂಡ ಕಟ್ಟುತ್ತವೆ. ಆಟಗಾರ್ತಿ ಕಂಪನಿಯ ಉದ್ಯೋಗಿ, ಕೋಚ್ ಕಂಪನಿಯವರು, ಕಂಪನಿಗಳ ನಡುವೆಯೇ ಲೀಗ್. ಸಂಬಳ ಭದ್ರ. ಆದರೆ ಬಹುಕಾಲ ಇದರಿಂದ ಒಂದು ತೊಂದರೆಯೂ ಇತ್ತು: ಕಂಪನಿ ಮೊದಲು, ದೇಶದ ತಂಡ ಆಮೇಲೆ. 2004ರ ಅಥೆನ್ಸ್ ಒಲಿಂಪಿಕ್ಸ್ ನಂತರ ದಕ್ಷಿಣ ಕೊರಿಯಾದ ಪಾರ್ಕ್ ಜೂ-ಬಾಂಗ್ ಮುಖ್ಯ ಕೋಚ್ ಆಗಿ ಬಂದು, ಬೇರೆ ಬೇರೆ ಕಂಪನಿಗಳ ಆಟಗಾರರನ್ನು ಒಂದೇ ಶಿಬಿರದಲ್ಲಿ ಒಟ್ಟಿಗೆ ಬೆವರು ಸುರಿಸುವಂತೆ ಮಾಡಿದರು. ಪಾರ್ಕ್ ಸ್ವತಃ 1992ರ ಬಾರ್ಸಿಲೋನಾದಲ್ಲಿ ಪುರುಷರ ಡಬಲ್ಸ್ ಚಿನ್ನ ಗೆದ್ದವರು. ಡಬಲ್ಸ್‌ನ ಒಳಹೊರಗು ಬಲ್ಲವರ ಕೈಗೆ ಜಪಾನ್ ಸಿಕ್ಕಿದ್ದು ಹೀಗೆ.

ಜಪಾನಿ ಪತ್ರಿಕೆಗಳಿಗೆ ಡಬಲ್ಸ್ ಜೋಡಿಗಳ ಹೆಸರು ಕತ್ತರಿಸಿ ಅಂಟಿಸುವ ಚಟ. ಒಗುರಾ–ಶಿಯೋತಾ ಜೋಡಿ 'ಒಗುಶಿಯೊ', ಫುಜಿಯಿ–ಕಾಕಿಯಿವಾ ಜೋಡಿ 'ಫುಜಿಕಾಕಿ', ನಮ್ಮ ಈ ಜೋಡಿ 'ತಕಾಮಾತ್ಸು'. ಮಿಸಾಕಿ ಹುಟ್ಟಿದ ಪ್ರಾಂತ್ಯದ ಪಕ್ಕದಲ್ಲೇ ತಕಾಮಾತ್ಸು ಅಂತ ಒಂದು ನಗರವೂ ಇದೆ! ಮುಂದೆ ಮಾತ್ಸುಮೊತೊ, ಮಾತ್ಸುಯಾಮಾ ಅನ್ನುವವರೂ ಬರುತ್ತಾರೆ, ಗಲಿಬಿಲಿ ಬೇಡ. 'ಮಾತ್ಸು' ಎಂದರೆ ಪೈನ್ ಮರ. ಜಪಾನಿನ ಮಹಿಳಾ ಡಬಲ್ಸ್ ತುಂಬ ಈ ಮರಗಳೇ.

2012ರ ಲಂಡನ್ ಒಲಿಂಪಿಕ್ಸ್‌ಗೆ ತಕಾಮಾತ್ಸು ಹೋಗಲಿಲ್ಲ. ಹೋದ ಮಿಜುಕಿ ಫುಜಿಯಿ–ರೆಯ್ಕಾ ಕಾಕಿಯಿವಾ ಬೆಳ್ಳಿ ತಂದರು, ಬ್ಯಾಡ್ಮಿಂಟನ್‌ನಲ್ಲಿ ಜಪಾನಿಗೆ ಅದೇ ಮೊದಲ ಒಲಿಂಪಿಕ್ ಪದಕ. ಅಲ್ಲಿಂದ ಮಿಸಾಕಿ–ಅಯಾಕಾ ಏರಿದ ವೇಗ ಜೋರು. 2014ರ ಮೇ ತಿಂಗಳಲ್ಲಿ ದೆಹಲಿಯಲ್ಲಿ ನಡೆದ ಊಬರ್ ಕಪ್ (ಮಹಿಳಾ ತಂಡಗಳ ವಿಶ್ವ ಪಂದ್ಯಾವಳಿ) ಸೆಮಿಫೈನಲ್ ನಮ್ಮಲ್ಲಿ ಕೆಲವರಿಗೆ ನೆನಪಿರಬಹುದು. ಸೈನಾ, ಸಿಂಧು ಇಬ್ಬರೂ ಗೆದ್ದು ಭಾರತ 2–0 ಮುಂದಿತ್ತು. ಆಮೇಲೆ ಎರಡೂ ಡಬಲ್ಸ್ ಮತ್ತು ಮೂರನೇ ಸಿಂಗಲ್ಸ್ ಜಪಾನಿನ ಕಡೆ ಹೋಗಿ 2–3ರಲ್ಲಿ ಕೈತಪ್ಪಿತು. ಸಿಂಗಲ್ಸ್ ತಾರೆಯರು ಎಷ್ಟೇ ಇರಲಿ, ತಂಡದ ಬಲ ಡಬಲ್ಸ್‌ನಲ್ಲಿದೆ ಎಂದು ಜಪಾನ್ ಅಂದು ತೋರಿಸಿತು. ಅದೇ ವರ್ಷ ಅಕ್ಟೋಬರ್‌ನಲ್ಲಿ ಜೋಡಿ ವಿಶ್ವದ ನಂಬರ್ ಒನ್. ಡಿಸೆಂಬರ್‌ನಲ್ಲಿ ದುಬೈನ ಸೂಪರ್‌ಸೀರೀಸ್ ಫೈನಲ್ಸ್ ಪ್ರಶಸ್ತಿ. 2016ರ ಮಾರ್ಚ್‌ನಲ್ಲಿ ಬ್ಯಾಡ್ಮಿಂಟನ್‌ನ ಹಳೆಯ, ಹೆಸರಾಂತ ಪಂದ್ಯಾವಳಿ ಆಲ್ ಇಂಗ್ಲೆಂಡ್, ಮಹಿಳಾ ಡಬಲ್ಸ್‌ನಲ್ಲಿ 1978ರ ನಂತರ ಜಪಾನಿಗೆ ಮತ್ತೆ ಸಿಕ್ಕ ಕಿರೀಟ.

2016ರ ರಿಯೋ ಒಲಿಂಪಿಕ್ಸ್‌ಗೆ ಬಂದಾಗ ಅವರೇ ಮೊದಲ ಶ್ರೇಯಾಂಕ. ಗುಂಪಿನ ಹಂತದಲ್ಲಿ ಎದುರಾದವರಲ್ಲಿ ಹೈದರಾಬಾದಿನ ಜ್ವಾಲಾ ಗುಟ್ಟಾ ಮತ್ತು ಬೆಂಗಳೂರಿನಲ್ಲಿ ಬೆಳೆದ ಕೊಡಗಿನ ಮನೆತನದ ಅಶ್ವಿನಿ ಪೊನ್ನಪ್ಪ ಕೂಡ ಇದ್ದರು. ಜಪಾನ್ 21–15, 21–10. ಅಶ್ವಿನಿ ಅವರ ಒಲಿಂಪಿಕ್ ಲೆಕ್ಕ ತೆಗೆದರೆ ವಿಚಿತ್ರವೊಂದು ಸಿಗುತ್ತದೆ. 2012ರಲ್ಲಿ ಜ್ವಾಲಾ ಜತೆ ಗುಂಪಿನ ಹಂತದಲ್ಲಿ ಎದುರಿಸಿದ್ದು ಫುಜಿಯಿ–ಕಾಕಿಯಿವಾ, ಅವರಿಗೆ ಬೆಳ್ಳಿ ಬಂತು. 2016ರಲ್ಲಿ ತಕಾಹಾಶಿ–ಮಾತ್ಸುತೊಮೊ, ಚಿನ್ನ. 2024ರ ಪ್ಯಾರಿಸ್‌ನಲ್ಲಿ ತನಿಷಾ ಕ್ರಾಸ್ತೊ ಜತೆ ಎದುರಿಸಿದ್ದು ನಾಮಿ ಮಾತ್ಸುಯಾಮಾ–ಚಿಹಾರು ಶಿದಾ, ಕಂಚು. ಮಹಿಳಾ ಡಬಲ್ಸ್‌ನಲ್ಲಿ ಪದಕ ಗೆದ್ದ ಜಪಾನಿನ ಮೂರೂ ಜೋಡಿಗಳನ್ನು ಒಲಿಂಪಿಕ್ ಅಂಗಳದಲ್ಲಿ ಎದುರಿಸಿ ನೋಡಿದ ಕನ್ನಡನಾಡಿನ ಆಟಗಾರ್ತಿ ಅವರು. ನಸೀಬು ಒಳ್ಳೆಯದೋ ಕೆಟ್ಟದ್ದೋ, ಹೇಳುವುದು ಕಷ್ಟ.

ಮಹಿಳಾ ಡಬಲ್ಸ್ ಚಿನ್ನ 1996ರಿಂದ 2012ರವರೆಗೆ ಐದಕ್ಕೆ ಐದೂ ಸಲ ಚೀನಾದ್ದೇ. ರಿಯೋದಲ್ಲಿ ಚೀನಾ ಜೋಡಿಯನ್ನು ಸೆಮಿಫೈನಲ್‌ನಲ್ಲಿ ಮನೆಗೆ ಕಳಿಸಿದವರು ಡೆನ್ಮಾರ್ಕಿನ ಕ್ರಿಸ್ಟಿನಾ ಪೆಡರ್ಸನ್–ಕಮಿಲಾ ರಿಟರ್ ಯೂಲ್. ಆಗಸ್ಟ್ 18ರ ಫೈನಲ್‌ನಲ್ಲಿ ಜಪಾನಿಗೆ ಎದುರಾದವರೂ ಅವರೇ. ಆ ದಿನ ನಮ್ಮ ದೇಶದ ಟಿವಿಗಳೆಲ್ಲ ಸಿಂಧು ಕಡೆಗಿದ್ದವು. ಅದೇ ಅಂಗಳದಲ್ಲಿ, ಅದೇ ದಿನ ಅವರು ಜಪಾನಿನ ನೊಜೊಮಿ ಒಕುಹಾರಾ ಅವರನ್ನು ಸೋಲಿಸಿ ಫೈನಲ್ ತಲುಪಿದ್ದರು. ಡಬಲ್ಸ್ ಫೈನಲ್ ನೋಡಿದವರು ನಮ್ಮಲ್ಲಿ ಕಡಿಮೆ.

ಮೊದಲ ಗೇಮ್ ಡೆನ್ಮಾರ್ಕ್‌ಗೆ 21–18. ಎರಡನೆಯದು ಜಪಾನಿಗೆ 21–9. ಮೂರನೆಯದರಲ್ಲಿ ಡೆನ್ಮಾರ್ಕ್ 19–16 ಮುಂದೆ. ಇನ್ನೆರಡು ಪಾಯಿಂಟ್, ಚಿನ್ನ ಅವರದು. ಅಲ್ಲಿಂದ ಜಪಾನ್ ಒಂದರ ಹಿಂದೊಂದು ಐದು ಪಾಯಿಂಟ್ ತೆಗೆದು 21–19ಕ್ಕೆ ಮುಗಿಸಿತು.

ಐದು ಪಾಯಿಂಟ್ ಎಂದು ಹೇಳುವುದು ಸುಲಭ. ಅದರ ತೂಕ ತಿಳಿಯಲು ಮೇಲೆ ಹೇಳಿದ ಸರ್ವಿಸ್ ಲೆಕ್ಕಕ್ಕೆ ಮರಳಬೇಕು. ಪಾಯಿಂಟ್ ಗೆದ್ದವರೇ ಮುಂದಿನ ಸರ್ವ್ ಮಾಡಬೇಕು. ಡಬಲ್ಸ್‌ನಲ್ಲಿ ಸರ್ವ್ ಮಾಡುವುದು ಅನುಕೂಲವಲ್ಲ, ಹೊರೆ. ತಗ್ಗಿನ ಸರ್ವ್ ಬೆರಳಷ್ಟು ಮೇಲೆದ್ದರೂ ಎದುರಾಳಿ ನುಗ್ಗಿ ಹೊಡೆಯುತ್ತಾರೆ. ಟೆನಿಸ್‌ನಲ್ಲಿ ಸರ್ವ್ ಮಾಡುವವರಿಗೆ ಇರುವ ದರ್ಬಾರು ಇಲ್ಲಿಲ್ಲ. ಆ ಐದರಲ್ಲಿ ಕೊನೆಯ ನಾಲ್ಕಾದರೂ ಜಪಾನಿನ ಸರ್ವಿಸ್‌ನಲ್ಲೇ ಬಂದಿರಬೇಕು. ನಿಯಮದ ಪ್ರಕಾರ ಜೋಡಿ ಗೆಲ್ಲುತ್ತಿರುವಷ್ಟು ಹೊತ್ತು ಸರ್ವ್ ಒಬ್ಬರ ಕೈಯಲ್ಲೇ ಉಳಿಯುತ್ತದೆ, ಎಡಬಲ ಜಾಗ ಬದಲಾಗುತ್ತದೆ ಅಷ್ಟೇ. ಅಂದರೆ ಸೋಲಿನ ಅಂಚಿನಲ್ಲಿ ಒಂದೇ ಕೈ ನಾಲ್ಕು ಸಲ ನಡುಗದೆ ನೆಟ್ ಸವರುವ ಸರ್ವ್ ಹಾಕಬೇಕು, ನಾಲ್ಕೂ ಸಲ ಮೂರನೇ ಹೊಡೆತದ ಹೊತ್ತಿಗೆ ದಾಳಿಯನ್ನು ತಮ್ಮ ಕಡೆ ಎಳೆದುಕೊಳ್ಳಬೇಕು. ಆ ಪಂದ್ಯದ ವಿಡಿಯೊ ಸಿಕ್ಕರೆ 16–19ರಿಂದ ಹಾಕಿ, ಷಟಲ್ ನೋಡಬೇಡಿ, ಮಾತ್ಸುತೊಮೊ ಪಾದ ನೋಡಿ. ಬ್ಯಾಡ್ಮಿಂಟನ್‌ನಲ್ಲಿ ಜಪಾನಿಗೆ ಬಂದ ಮೊದಲ ಒಲಿಂಪಿಕ್ ಚಿನ್ನ ಅದು.

ಚಿನ್ನ ಗೆದ್ದ ಮೇಲೆ ಅವರ ಎದುರಾಳಿ ಚೀನಾವೂ ಅಲ್ಲ, ಡೆನ್ಮಾರ್ಕೂ ಅಲ್ಲ, ಮನೆಯವರೇ. ಯುಕಿ ಫುಕುಶಿಮಾ–ಸಯಾಕಾ ಹಿರೋತಾ, ಮಾಯು ಮಾತ್ಸುಮೊತೊ–ವಕಾನಾ ನಗಾಹಾರಾ. ಪಾರ್ಕ್ ಅವರ ಶಿಬಿರದಲ್ಲಿ ಪ್ರತಿದಿನ ತಕಾಮಾತ್ಸು ಆಟವನ್ನು ಹತ್ತಿರದಿಂದ ಕಂಡು, ಅದರ ವಿರುದ್ಧವೇ ಆಡಿ ಬೆಳೆದವರು. 2018ರ ಹೊತ್ತಿಗೆ ವಿಶ್ವ ರ‍್ಯಾಂಕಿಂಗ್‌ನ ಮೊದಲ ಮೂರೂ ಸ್ಥಾನ ಈ ಮೂರು ಜೋಡಿಗಳದ್ದೇ. ಆ ವರ್ಷ ಬ್ಯಾಂಕಾಕ್‌ನಲ್ಲಿ ಜಪಾನ್ ಊಬರ್ ಕಪ್ ಗೆದ್ದದ್ದು 37 ವರ್ಷಗಳ ನಂತರ. 2018ರ ನಾನ್‌ಜಿಂಗ್, 2019ರ ಬಾಸೆಲ್, ಎರಡೂ ವಿಶ್ವ ಚಾಂಪಿಯನ್‌ಷಿಪ್ ಫೈನಲ್‌ಗಳಲ್ಲಿ ಜಪಾನಿನ ಆ ಎರಡು ಕಿರಿಯ ಜೋಡಿಗಳೇ ಎದುರುಬದುರು. ಎರಡೂ ಸಲ ಮಾತ್ಸುಮೊತೊ–ನಗಾಹಾರಾ ಗೆದ್ದರು, ಕೊನೆಯ ಗೇಮ್ ಒಮ್ಮೆ 22–20, ಇನ್ನೊಮ್ಮೆ 23–21. ಮಿಸಾಕಿ–ಅಯಾಕಾಗೆ ವಿಶ್ವ ಚಾಂಪಿಯನ್ ಪಟ್ಟ ಕೊನೆಗೂ ಸಿಗಲಿಲ್ಲ, 2017ರ ಗ್ಲಾಸ್ಗೋದ ಕಂಚೇ ಅಲ್ಲಿನ ಗಳಿಕೆ. ಏಷ್ಯನ್ ಗೇಮ್ಸ್‌ನಲ್ಲೂ 2014 ಮತ್ತು 2018ರಲ್ಲಿ ಎರಡು ಬೆಳ್ಳಿ. ಹಾಗಂತ ಮಂಕಾಗಿಬಿಟ್ಟರು ಎನ್ನುವಂತಿಲ್ಲ. 2018ರ ಡಿಸೆಂಬರ್‌ನಲ್ಲಿ ಗುವಾಂಗ್‌ಜೌನ ವರ್ಲ್ಡ್ ಟೂರ್ ಫೈನಲ್ಸ್ ಅವರೇ ಗೆದ್ದರು.

ಆದರೆ ಒಲಿಂಪಿಕ್ಸ್‌ಗೆ ಒಂದು ದೇಶದಿಂದ ಹೆಚ್ಚೆಂದರೆ ಎರಡು ಜೋಡಿ. ಜಗತ್ತಿನ ಮೂರನೇ ಒಳ್ಳೆಯ ಜೋಡಿಯಾದರೂ, ಜಪಾನಿನಲ್ಲೂ ಮೂರನೆಯವರಾದರೆ ಮನೆಯಲ್ಲೇ ಕೂರಬೇಕು. ಸ್ವಂತ ದೇಶದಲ್ಲಿ ನಡೆಯುವ ಟೋಕಿಯೋ ಒಲಿಂಪಿಕ್ಸ್‌ಗೆ ಚಿನ್ನದ ಒಡತಿಯರು ಹಿಂದೆ ಬಿದ್ದಿದ್ದರು. ಅಷ್ಟರಲ್ಲಿ ಕೊರೋನಾ ಬಂದು ಒಲಿಂಪಿಕ್ಸ್ ಒಂದು ವರ್ಷ ಮುಂದೆ ಹೋಯಿತು. ಹಿಂದೆ ಬಿದ್ದವರಿಗೆ ಇದು ಹೊಸ ಅವಕಾಶ ಎಂದು ಹೊರಗಿನವರಿಗೆ ಅನ್ನಿಸಬಹುದು. 30 ತುಂಬಿದ್ದ ಅಯಾಕಾಗೆ ಅದು ಇನ್ನೊಂದು ವರ್ಷದ ಭಾರವಾಗಿ ಕಂಡಿತು. 2020ರ ಆಗಸ್ಟ್‌ನಲ್ಲಿ ಅವರು ಆಟ ನಿಲ್ಲಿಸಿದರು. ಹದಿಮೂರು ವರ್ಷದ ಜೋಡಿ ಅಲ್ಲಿಗೆ ಮುಗಿಯಿತು.

ಟೋಕಿಯೋಗೆ ಹೋದ ಎರಡೂ ಜಪಾನಿ ಜೋಡಿಗಳು ಕ್ವಾರ್ಟರ್‌ಫೈನಲ್‌ನಲ್ಲಿ ಸೋತವು. ಹಿರೋತಾ ಅವರಂತೂ ಮೊಣಕಾಲಿನ ಅಸ್ಥಿರಜ್ಜು ಹರಿದುಕೊಂಡು ದಪ್ಪನೆಯ ಪಟ್ಟಿ ಕಟ್ಟಿಕೊಂಡೇ ಆಡಿದ್ದರು. ಚಿನ್ನ ಗೆದ್ದ ಇಂಡೋನೇಷ್ಯಾ ಜೋಡಿಯಲ್ಲಿದ್ದವರು ಗ್ರೇಸಿಯಾ ಪೋಲಿ, ವುಹಾನ್‌ನಲ್ಲಿ 161 ನಿಮಿಷ ಆಡಿ ಸೋತವರು.

ಮಿಸಾಕಿ ನಿಲ್ಲಿಸಲಿಲ್ಲ. ಹೊಸ ಮಹಿಳಾ ಜತೆಗಾರ್ತಿಯನ್ನು ಹುಡುಕುವ ಬದಲು ಯುಕಿ ಕಾನೆಕೊ ಎಂಬ ಆಟಗಾರನ ಜತೆ ಮಿಕ್ಸೆಡ್ ಡಬಲ್ಸ್‌ಗೆ ಹೊರಳಿದರು, ವಿಶ್ವದ ಮೊದಲ ಹತ್ತು ಜೋಡಿಗಳ ಸಾಲಿಗೂ ಏರಿದರು. ಯಾಕೆ ಹೊಂದಿತು ಎನ್ನುವುದು ಈಗ ತಿಳಿಯುತ್ತದೆ. ಮಿಕ್ಸೆಡ್‌ನಲ್ಲಿ ದಾಳಿಯ ಹೊತ್ತಿಗೆ ಗಂಡಾಳು ಹಿಂದೆ, ಹೆಣ್ಣಾಳು ನೆಟ್ ಹತ್ತಿರ ಎನ್ನುವುದು ಬಹುತೇಕ ಖಾಯಂ ವ್ಯವಸ್ಥೆ. ಎದುರಾಳಿಗಳು ಆಕೆಯನ್ನು ಹಿಂದಕ್ಕೆ ಎಳೆಯಲು ಮಹಿಳಾ ಡಬಲ್ಸ್‌ಗಿಂತ ಇನ್ನೂ ಹೆಚ್ಚು ಪಾಡುಪಡುತ್ತಾರೆ, ಆದರೆ ಆಕೆಯ ಸಹಜ ಜಾಗ ಅದೇ. ಬದಲಾಗಿದ್ದು ಸಮಯದ ಲೆಕ್ಕ. ಹಿಂದಿನಿಂದ ಹೋಗುವ ಸ್ಮ್ಯಾಷ್ ಹೆಚ್ಚು ವೇಗದ್ದು, ಅದರ ಉತ್ತರ ನೆಟ್ ದಾಟಿ ಬರುವುದೂ ಬೇಗ. ಅಯಾಕಾ ಹೊಡೆದಾಗ ಅವರಿಗೆ ಸಿಗುತ್ತಿದ್ದ ಆ ಒಂದು ಗಳಿಗೆ ಇಲ್ಲಿ ಅರ್ಧಕ್ಕಿಳಿಯಿತು. ಎದುರಿನ ಗಂಡಸಿನ ಸ್ಮ್ಯಾಷ್‌ಗೂ ಎದೆಯೊಡ್ಡಬೇಕು. 28 ದಾಟಿದ ಮೇಲೆ, ಮನೆಯಲ್ಲಿ ಒಲಿಂಪಿಕ್ ಚಿನ್ನ ಇಟ್ಟುಕೊಂಡು, ಅವರು ಕೂತು ಕಲಿತದ್ದು ಇದನ್ನೇ: ಅದೇ ಜಾಗದಲ್ಲಿ ನಿಂತು, ಅರ್ಧ ಹೆಜ್ಜೆ ಇನ್ನೂ ಮೊದಲೇ ಹೊರಡುವುದು.